ಆರು ಗಂಟೆಯವರೆಗಿನ ಮಾಲೀಕ

ಎಲ್ಲಕ್ಕೂ ಕಾರಣ ಅವನ ಜೇಬಿನಲ್ಲಿದ್ದ ಪೆನ್ನು.

ಕಲ್ಲಿದ್ದಲ ಗಣಿಯಲ್ಲಿ ಬಂಡೆ ಸಿಡಿಸುವ ಮುಂಚೆ ಸೈರನ್ ಕೂಗಿಸುವುದು ಅವನ ಕೆಲಸ. ಹಾಗಾಗಿ ಎಲ್ಲರ ಬಾಯಲ್ಲೂ ಅವನು ಸೈರನ್ನಪ್ಪ. ಗಣಿಯ ಹೊಂಡ ವರ್ಷದಿಂದ ವರ್ಷಕ್ಕೆ ಬಾಯಿ ಅಗಲಿಸುತ್ತ ಕೆಲಸಗಾರರ ಕಾಲೋನಿಯ ಪಕ್ಕಕ್ಕೇ ಬಂದು ನಿಂತಿತ್ತು. ಮುಂದಿನ ಸರದಿ ಸೈರನ್ನಪ್ಪನ ಮನೆಯದು. ಕಂಪನಿಯ ಮನೆ, ನಿಜ. ಆದರೆ ಇಪ್ಪತ್ತೆರಡು ವರ್ಷ ಬಾಳಿದ ಮನೆ. ಹೆಂಡತಿ ಬೆಳಿಗ್ಗೆಯೇ ಕಡ್ಡಿ ಮುರಿದಂತೆ ಹೇಳಿದ್ದಳು: "ಮನೆ ಉಳಿಸ್ಕೊಂಡು ಬನ್ನಿ. ಇಲ್ಲಾಂದ್ರೆ ನಾನು ಅಕ್ಕನ ಮನೆಗೆ, ನೀವು ಸೈರನ್ ಕಂಬದ ಬುಡಕ್ಕೆ."

ಅರ್ಜಿ ಹಿಡಿದು ಆಫೀಸಿಗೆ ಹೋದರೆ ಅಲ್ಲಿ ಗದ್ದಲವೋ ಗದ್ದಲ. ಗಣಿ ಮಾರಾಟವಾಗಿತ್ತು. ಹಳೆಯ ಮಾಲೀಕರ ಹಕ್ಕು ಬೆಳಿಗ್ಗೆ ಎಂಟಕ್ಕೆ ಮುಗಿದಿತ್ತು, ಹೊಸಬರದು ಸಂಜೆ ಆರಕ್ಕೆ ಶುರು. ನಡುವಿನ ಹತ್ತು ಗಂಟೆಯನ್ನು ವಕೀಲರು ಮರೆತೇಬಿಟ್ಟಿದ್ದರು. ಮಾಲೀಕರ ರುಜು ಇಲ್ಲದೆ ಪಂಪು ಓಡಿಸುವಂತಿಲ್ಲ. ಪಂಪು ನಿಂತರೆ ಹೊಂಡದಲ್ಲಿ ನೀರು ತುಂಬಿ ಯಂತ್ರಗಳೆಲ್ಲ ಈಜು ಕಲಿಯಬೇಕು. ಜವಾಬ್ದಾರಿ ಹೊರಿ ಎಂದೊಡನೆ ಮ್ಯಾನೇಜರಿಗೆ ಹೊಟ್ಟೆನೋವು ಬಂತು, ಇಂಜಿನಿಯರಿಗೆ ತಲೆನೋವು.

ವಕೀಲರ ಕಣ್ಣು ಸೈರನ್ನಪ್ಪನ ಜೇಬಿನ ಮೇಲೆ ಬಿತ್ತು. "ಪೆನ್ನಿದೆಯಲ್ಲ ನಿಮ್ಮ ಹತ್ರ?"

"ಇದೆ ಸಾರ್."

"ಹಾಗಿದ್ರೆ ಆರು ಗಂಟೆವರೆಗೆ ಗಣಿ ನಿಮ್ಮದು. ಇಲ್ಲಿ ಸೈನ್ ಹಾಕಿ. ನೀವು ಕೊಟ್ಟ ಆದೇಶಾನ ಹೊಸಬರೂ ಮೀರೋ ಹಾಗಿಲ್ಲ, ಹುಷಾರು."

ಹುಷಾರು ಎಂಬುದೊಂದನ್ನು ಬಿಟ್ಟು ಉಳಿದೆಲ್ಲ ಸೈರನ್ನಪ್ಪನ ತಲೆಗೆ ಹೋಯಿತು. ರುಜು ಹಾಕಿ, ಪಂಪು ಓಡಿಸಲು ಹೇಳಿ, ಮಾಲೀಕರ ಕುರ್ಚಿಯಲ್ಲಿ ಕೂತ. ಅದು ಗರ್ರನೆ ತಿರುಗಿ ಅವನನ್ನು ಗೋಡೆಯ ನಕ್ಷೆಯ ಮುಂದೆ ನಿಲ್ಲಿಸಿತು. ಎಲ್ಲಿಯವರೆಗೆ ಅಗೆಯಬೇಕೆಂಬ ಕೆಂಪು ಗೆರೆ ನೆಟ್ಟಗೆ ಅವನ ಅಡುಗೆಮನೆಗೇ ನುಗ್ಗಿತ್ತು. ಅದನ್ನು ಅಳಿಸಿ ಪಕ್ಕದ ಮನೆಗಳ ಸಾಲಿನ ಮೇಲೆ ಎಳೆದ.

ಅರ್ಧ ಗಂಟೆಯಲ್ಲಿ ಡಂಪರ್ ಡ್ರೈವರ್ ಏದುಸಿರು ಬಿಡುತ್ತ ಬಂದ. "ಏನಣ್ಣಾ, ನನ್ನ ಮನೆ ಮೇಲೇ ಗೆರೆ ಎಳ್ದಿದ್ದೀಯಂತೆ? ನಿನ್ನ ಮಗಳ ಮದುವೇಲಿ ಕುರ್ಚಿ ಹೊತ್ತಿದ್ದು ಯಾರು?"

ಗೆರೆ ಸರಿಯಿತು. ಆಸ್ಪತ್ರೆಯ ನರ್ಸಮ್ಮ ಬಂದರು. "ನನ್ನ ಮನೇನಾ? ಆಗ್ಲಿ, ಮುಂದಿನ ಇಂಜೆಕ್ಷನ್‌ಗೆ ಬರ್ತೀರಲ್ಲ, ನೋಡ್ಕೋತೀನಿ."

ಗೆರೆ ಇನ್ನಷ್ಟು ಸರಿಯಿತು. ಒಬ್ಬೊಬ್ಬರ ಮನೆಯನ್ನೂ ತಪ್ಪಿಸುತ್ತ ಹೋದ ಗೆರೆ ಮಧ್ಯಾಹ್ನ ಮೂರಕ್ಕೆ ನಿಂತಿದ್ದು ಅವನು ಕೂತಿದ್ದ ಆಫೀಸಿನ ಮೇಲೆಯೇ.

"ಅಗೀಲಿ ಬಿಡಣ್ಣ," ಎಂದ ಡ್ರೈವರ್. "ಆಫೀಸಿಗೇನು ಹೆಂಡ್ತಿ ಮಕ್ಕಳಿದ್ದಾರಾ?"

ಮೊದಲ ಗೆರೆ ಯಾಕೆ ಬದಲಾಯಿತೆಂದು ಕಾರಣ ಬರೆಯಬೇಕೆಂದರು ವಕೀಲರು. ಸೈರನ್ನಪ್ಪ ತನ್ನ ಮನೆಯ ಬಗ್ಗೆ ಪುಟ ತುಂಬ ಬರೆದ: ನೆಲದಡಿ ಕಲ್ಲಿದ್ದಲೇ ಇಲ್ಲ, ಗೋಡೆಯಲ್ಲಿ ಒಂದೂ ಬಿರುಕಿಲ್ಲ, ಧೂಳು ಹತ್ತಿರ ಸುಳಿಯದು, ಕಿಟಕಿ ತೆರೆದರೆ ಇಡೀ ಹೊಂಡ ಕಾಣುತ್ತದೆ, ಇಂಥ ಕಟ್ಟಡ ಇಡೀ ಕಾಲೋನಿಯಲ್ಲಿ ಇನ್ನೊಂದಿಲ್ಲ. ಬಿರುಕು ಮುಚ್ಚಲು ಹೆಂಡತಿ ಐದು ಕ್ಯಾಲೆಂಡರ್ ತೂಗುಹಾಕಿದ್ದನ್ನು ಮಾತ್ರ ಬರೆಯಲಿಲ್ಲ.

ಆರಕ್ಕೆ ಸರಿಯಾಗಿ ಹೊಸ ಮಾಲೀಕರು ಬಂದರು. ದಪ್ಪ ಕನ್ನಡಕದ ವಯಸ್ಸಾದ ಹೆಂಗಸು. ಆದೇಶವನ್ನು ಎರಡು ಸಲ ಓದಿದರು.

"ಇದನ್ನ ಮೀರೋ ಹಾಗಿಲ್ಲ. ನಾಳೆಯಿಂದ ಆಫೀಸಿನ ಕಡೆಗೇ ಅಗೀತೀವಿ. ನಿಮ್ಮ ಮನೆ ಮುಟ್ಟಲ್ಲ."

ಸೈರನ್ನಪ್ಪನ ಕಣ್ಣು ತುಂಬಿ ಬಂತು. "ದೊಡ್ಡ ಮನಸ್ಸಮ್ಮಾ ನಿಮ್ಮದು."

"ಆದ್ರೆ ಆಫೀಸಿಗೆ ಒಂದು ಜಾಗ ಬೇಕಲ್ಲ," ಎಂದು ಅವರು ಮತ್ತೆ ಹಾಳೆ ನೋಡಿದರು. "ಬಿರುಕಿಲ್ಲ, ಧೂಳಿಲ್ಲ, ಹೊಂಡ ಪೂರ್ತಿ ಕಾಣುತ್ತೆ. ಮೇಲಾಗಿ ಕಂಪನಿ ಮನೆ. ಇಂಥದ್ದು ಇನ್ನೊಂದಿಲ್ಲ ಅಂತ ನೀವೇ ಬರ್ದು ಸೈನ್ ಹಾಕಿದ್ದೀರಿ. ಬೆಳಿಗ್ಗೆ ಖಾಲಿ ಮಾಡಿಕೊಡಿ."

ಮನೆಯ ಬಾಗಿಲಲ್ಲೇ ಕಾದಿದ್ದ ಹೆಂಡತಿ ಕೇಳಿದಳು: "ಮನೆ ಉಳೀತಾ?"

"ಉಳೀತು," ಎಂದ ಸೈರನ್ನಪ್ಪ.

ಅವಳು ನಗುನಗುತ್ತ ಆರನೆಯ ಕ್ಯಾಲೆಂಡರಿಗೆ ಮೊಳೆ ಹುಡುಕಲು ಒಳಗೆ ಹೋದಳು. ಅವನು ಸದ್ದಿಲ್ಲದೆ ಹಾಸಿಗೆ ಸುತ್ತಿಕೊಂಡು ಸೈರನ್ ಕಂಬದ ಕಡೆ ಹೊರಟ.