ನನ್ನ ಮಾಳಿಗೆ, ಚಾಚಿಯ ಅಂಗಳ

ಹಳೆಯ ಓಣಿಯಲ್ಲಿ ಹುಟ್ಟಿದವರಿಗೆಲ್ಲ ಅದರ ಇತಿಹಾಸ ಗೊತ್ತಿರುತ್ತದೆ ಎಂದುಕೊಂಡಿದ್ದರೆ ಒಮ್ಮೆ ನನ್ನನ್ನು ನೋಡಿ. ರಾಯಚೂರಿನ ಕೋಟೆ ಗುಡ್ಡಕ್ಕೆ ಬೆನ್ನು ಕೊಟ್ಟು ಕೂತ ಓಣಿ ನಮ್ಮದು. ಮನೆಗಳು ಮೆಟ್ಟಿಲಿನ ಹಾಗೆ ಒಂದರ ಮೇಲೊಂದು. ಕೆಳಗಿನವರ ಮಣ್ಣಿನ ಮಾಳಿಗೆಯೇ ಮೇಲಿನವರ ಅಂಗಳ. ನಮ್ಮ ಅಡುಗೆಮನೆಯ ನೆತ್ತಿಯ ಮೇಲೆ ಚಾಂದಬೀ ಚಾಚಿ ಮೆಣಸಿನಕಾಯಿ ಒಣಹಾಕುತ್ತಾರೆ. ಅವರ ಮೊಮ್ಮಕ್ಕಳು ಕುಣಿದರೆ ನಮ್ಮ ಸಾರಿಗೆ ಮಣ್ಣು. ಎಷ್ಟು ಹಳೆಯ ಮನೆ ಎಂದು ಕೇಳಿದರೆ ಒಬ್ಬರು ನಿಜಾಮರ ಕಾಲ ಎನ್ನುತ್ತಾರೆ, ಇನ್ನೊಬ್ಬರು ಅದಕ್ಕೂ ಹಿಂದೆ ಎನ್ನುತ್ತಾರೆ. ನಮ್ಮಪ್ಪನನ್ನು ಕೇಳಿದ್ದಕ್ಕೆ, "ನಿನಗಿಂತ ಹಳೇದದ, ಸುಮ್ಕಿರು" ಅಂದಿದ್ದ.

ಈ ಮಳೆಗಾಲ ಆ ಮಾಳಿಗೆ ಸರಿಯಾಗಿ ಒಲೆಯ ಮೇಲೇ ಸೋರತೊಡಗಿತು. "ಇದು ನಿಲ್ಲೋತನಕ ನಾ ಒಲಿ ಹಚ್ಚಂಗಿಲ್ಲ ನೋಡ್ರಿ" ಎಂದು ಹೆಂಡತಿ ಸೌಟು ಕೆಳಗಿಟ್ಟಳು. ಊಟದ ಪ್ರಶ್ನೆ! ಮೇಲೆ ಹೋಗಿ, "ಚಾಚಿ, ನಿಮ್ಮ ಅಂಗಳ ಸೋರಾಕತ್ತದ, ಮಣ್ಣು ಹಾಕಿಸ್ರಿ" ಎಂದೆ.

ಚಾಚಿ ಎಲೆಗೆ ಸುಣ್ಣ ಹಚ್ಚುತ್ತ, "ಅರೇ ಬೇಟಾ, ಅಂಗಳ ಎಲ್ಲ್ಯರ ಸೋರ್ತದೇನು? ಸೋರೋದು ಮಾಳಗಿ. ಮಾಳಗಿ ನಿಂದು" ಎಂದರು.

ನನಗೂ ಹೌದೆನ್ನಿಸಿತು. ಕೆಳಗಿಳಿದ ಮೇಲೆ ಅಲ್ಲವೆನ್ನಿಸಿತು. ಓಣಿಯ ಹಿರಿಯರನ್ನು ಕೂಡಿಸಿದೆ. ಅವರು ಬಾಯಿ ತೆರೆಯುವ ಮೊದಲೇ ಚಾಚಿ ಮೊಬೈಲ್ ಚಾಚಿದರು. ಹೋದ ತಿಂಗಳು ನಾನೇ ಹಾಕಿದ ವಿಡಿಯೊ! ನಮ್ಮ ಅಡುಗೆಮನೆಯ ಕಮಾನಿಗೆ ಒರಗಿ ನಿಂತು, "ಈ ಕಮಾನು, ಈ ಗಚ್ಚು, ತಲಿ ಮ್ಯಾಲಿನ ಈ ಮಾಳಗಿ, ಎಲ್ಲಾ ನಮ್ಮ ಮುತ್ಯಾ ಕಟ್ಟಿದ್ದು!" ಎಂದು ಎದೆ ತಟ್ಟಿಕೊಳ್ಳುತ್ತಿದ್ದೇನೆ. ಯಾರು ಕಟ್ಟಿದರೋ ನನಗೇನು ಗೊತ್ತು? ಲೈಕ್ ಬರಲಿ ಎಂದು ಬಾಯಿಗೆ ಬಂದದ್ದು ಅಂದಿದ್ದೆ.

"ಮುತ್ಯಾ ಕಟ್ಯಾನ, ಮೊಮ್ಮಗ ರಿಪೇರಿ ಮಾಡ್ತಾನ. ಏಳ್ರಿನ್ನ" ಎಂದು ಹಿರಿಯರು ಪಂಚೆ ಕೊಡವಿ ಎದ್ದರು.

ಮರುದಿನ ಮಳೆ ಬಿಡುವು ಕೊಟ್ಟಿತು. ಮಣ್ಣಿನ ಬುಟ್ಟಿ ಹೊತ್ತು, ನನ್ನದೆಂದು ತೀರ್ಮಾನವಾದ ಮಾಳಿಗೆಗೆ ಇನ್ನೂ ಒಂದೇ ಕಾಲಿಟ್ಟಿದ್ದೆ, ಒಳಗಿನಿಂದ ಚಾಚಿಯ ಕೂಗು ಬಂತು: "ಲೇ ಶರಣ್ಯಾ! ಮಂದಿ ಅಂಗಳಕ್ಕ ಹೇಳದ ಕೇಳದ ಬರ್ತೀ ಏನು? ಚಪ್ಪಲ್ ಬಿಡು!"

ಬಿಟ್ಟೆ. ಮಣ್ಣು ಹರಡಿ ತುಳಿದೆ. ಕೆಳಗೆ ಒಲೆ ಹತ್ತಿದ ವಾಸನೆ ಬಂತು. ಚಾಚಿ ಚಹಾ ತಂದು, "ಕೂಡು, ಹೊರಗಿನವ್ರಂಗ ನಾಚಬ್ಯಾಡ" ಎಂದರು. ನಾನು ನನ್ನ ಮಾಳಿಗೆಯ ಒಂದು ಮೂಲೆಯಲ್ಲಿ ಬೀಗರ ಮನೆಗೆ ಬಂದವನ ಹಾಗೆ ಮುದುಡಿ ಕೂತು, "ಥ್ಯಾಂಕ್ಸ್ ರೀ ಚಾಚಿ" ಎಂದೆ.