ನಾಯಿ ಕಾಣದ ನಾಯಿ ಸಿನಿಮಾ

ನಾಯಿಯ ಮೇಲೆ ಸಿನಿಮಾ ತೆಗೆದು, ಅದರಲ್ಲಿ ನಾಯಿಯನ್ನೇ ತೋರಿಸದ ಮಹಾನುಭಾವರು ಜಗತ್ತಿನಲ್ಲಿ ಒಬ್ಬರೇ ಇರಬೇಕು. ನನ್ನ ಪುಣ್ಯಕ್ಕೆ ಅವರು ನನ್ನ ಸೋದರಮಾವ!

ಧಾರವಾಡದಿಂದ ಬಂದು ಮುಂಬಯಿಯಲ್ಲಿ ಗುಮಾಸ್ತಿಕೆ ಮಾಡಿ ನಿವೃತ್ತರಾದ ಮಾಮಾ ಇರುವುದು ವಡಾಲದ ನಮ್ಮ ಬಿಲ್ಡಿಂಗಿನಲ್ಲೇ. ಗೇಟಿನ ಬಳಿ ಮಲಗುವ ಕಂದು ನಾಯಿ ಅವರ ಕಥಾವಸ್ತು. ಮತ್ತೆ ಅದನ್ನೇಕೆ ತೋರಿಸುವುದಿಲ್ಲ ಎಂದು ಕೇಳಿದೆ.

“ನಾಯೀನ್ನ ಎಲ್ಲಾರೂ ತೋರಸ್ತಾರವಾ. ನಾಯಿ ನೋಡೋ ಮಂದೀನ್ನ ಯಾರರ ತೋರಿಸ್ಯಾರೇನು?”

ಹೀಗಾಗಿ ಅರವತ್ತೆಂಟರ ಮಾಮಾ ಬೆಳಿಗ್ಗೆ ನಾಯಿಯ ಪಕ್ಕದಲ್ಲಿ ಬೋರಲು ಮಲಗಿ, ಅದರ ಕಣ್ಣಿನ ಎತ್ತರಕ್ಕೆ ಮೊಬೈಲು ಹಿಡಿಯತೊಡಗಿದರು. ಮೊದಲ ದಿನ ಕೆಳಮನೆಯ ಮರಾಠಿ ಅಜ್ಜಿ, ಇವರಿಗೆ ಫಿಟ್ಸ್ ಬಂದಿದೆಯೆಂದು ಈರುಳ್ಳಿ ಹಿಡಿದು ಓಡಿಬಂದರು. ಈರುಳ್ಳಿ ಅಡ್ಡ ಬರುತ್ತಿದೆ, ಸ್ವಲ್ಪ ಸರಿಯಿರಿ ಎಂದು ಮಾಮಾ ಮಲಗಿದಲ್ಲಿಂದಲೇ ಬೇಡಿಕೊಂಡರು. ಇದನ್ನು ಕಣ್ಣಾರೆ ಕಂಡೆನೋ, ಹತ್ತು ಸಲ ಕೇಳಿ ಕಂಡಂತಾಯಿತೋ, ಈಗ ಹೇಳಲಾರೆ.

ನನ್ನ ಚಿಂತೆ ಒಂದೇ: ನಾಯಕಿ ನಾನೇ ತಾನೆ? ಆ ನಾಯಿಯ ಪರಮಮಿತ್ರಳು ನಾನು. ಕಾಲೇಜಿಗೆ ಪಾಠ ಮಾಡಲು ಹೊರಟಾಗ ದಿನಾ ಬಿಸ್ಕಿಟ್ ಹಾಕುವವಳು. ಹಾಗೆಂದು ನನ್ನ ನೆನಪು. ಚಿತ್ರೀಕರಣದ ವಾರವಿಡೀ ಇಸ್ತ್ರಿಯ ಸೀರೆಯಲ್ಲೇ ಗೇಟು ದಾಟಿದೆ!

ಭಾನುವಾರ ಅವರ ಮನೆಯ ಟೀವಿಯಲ್ಲಿ ಪ್ರದರ್ಶನ, ಜೊತೆಗೆ ಅವಲಕ್ಕಿ. ತೆರೆಯ ಮೇಲೆ ವಾಚ್‌ಮನ್ ಬಗ್ಗಿ ನಾಯಿಯ ಕ್ಷೇಮ ವಿಚಾರಿಸಿದ. ನಾಯಿಯನ್ನು ಓಡಿಸಿ ಎಂದು ಅರ್ಜಿ ಬರೆದಿದ್ದ ಸೊಸೈಟಿಯ ಸೆಕ್ರೆಟರಿ, ಅತ್ತಿತ್ತ ನೋಡಿ, ಯಾರೂ ಇಲ್ಲವೆಂದು ಚಪಾತಿಯ ಚೂರು ಹಾಕಿದರು. ಅಷ್ಟರಲ್ಲಿ ಜನ ಪಕ್ಕದಲ್ಲೇ ಮಲಗಿದ್ದ ಮಾಮಾರನ್ನೂ ಇನ್ನೊಂದು ನಾಯಿಯ ಲೆಕ್ಕಕ್ಕೆ ಸೇರಿಸಿಬಿಟ್ಟಿದ್ದರು!

ಆಮೇಲೆ ನಾನು ಬಂದೆ. ಮೊಬೈಲಿನ ಕಡೆಗೆ ನಕ್ಕೆ, ಸೆರಗು ಸರಿಮಾಡಿಕೊಂಡೆ, ಹೋದೆ. ಐದು ದಿನ, ಐದು ಸೀರೆ, ಅದೇ ನಗು. ಒಮ್ಮೆಯೂ ನಾಯಿಯನ್ನು ನೋಡಲಿಲ್ಲ. ಬಿಸ್ಕಿಟ್ಟಂತೂ ಇಲ್ಲವೇ ಇಲ್ಲ. ಅವಲಕ್ಕಿಯ ತಟ್ಟೆ ಕೆಳಗಿಟ್ಟೆ.

ಕೊನೆಯ ದೃಶ್ಯದಲ್ಲಿ ಮೊಬೈಲು ಹಿಂದಕ್ಕೆ ತಿರುಗಿತು. ರಸ್ತೆಯಲ್ಲಿ ನನ್ನ ಬೆನ್ನು. ಹತ್ತು ಹೆಜ್ಜೆ ಹಿಂದೆ, ಬಾಲ ಆಡಿಸುತ್ತ, ನಾಯಿ.

“ಮಾಮಾ, ನಾಯಿ ತೋರಿಸೂದಿಲ್ಲ ಅಂದಿದ್ರಿ.”

“ದಿನಾ ಹೋಗ್ತದವಾ, ಸ್ಟೇಷನ್ ತಿರುವಿನ ತನಕ. ನೀ ಕಾಣದಂಗ ಆದ ಮ್ಯಾಲೆ ತಿರುಗಿ ಬರ್ತದ.”

ಮನೆಗೆ ಬಂದು ದಿನಚರಿ ತೆಗೆದೆ. ಬಿಸ್ಕಿಟ್ಟಿನ ಸುದ್ದಿ ಇದ್ದದ್ದು ಒಂದೇ ಕಡೆ, ಎರಡು ವರ್ಷದ ಹಿಂದೆ: ‘ಲೋಕಲ್ ರೈಲು ನಿಂತಿತ್ತು. ಅರ್ಧ ದಾರಿಯಿಂದ ವಾಪಸ್. ಉಳಿದಿದ್ದ ಅರ್ಧ ಬಿಸ್ಕಿಟ್ ನಾಯಿಗೆ.’

ಅದನ್ನು ನಾನು ‘ದಿನಾ’ ಎಂದು ನೆನಪಿಟ್ಟುಕೊಂಡಿದ್ದೆ. ನಾಯಿಯೂ ಹಾಗೆಯೇ ನೆನಪಿಟ್ಟುಕೊಂಡಿರಬೇಕು.