ಲಿಸ್ಬನ್ನಿನಲ್ಲಿ ಫಿಲ್ಟರ್ ಕಾಫಿ

ನಾಲ್ಕು ಜನ ಕನ್ನಡಿಗರು ಸೇರಿ ಸಿನಿಮಾ ನೋಡಿದರೆ ತೆರೆಯ ಮೇಲೆ ನಡೆಯುವುದಕ್ಕಿಂತ ತೆರೆಯ ಮುಂದೆ ನಡೆಯುವುದೇ ಹೆಚ್ಚು. ಅಮೆರಿಕದ ಕ್ಯಾಂಪ್‌ಬೆಲ್‌ನ ನಮ್ಮ ಗ್ಯಾರೇಜಿನಲ್ಲಿ ತಿಂಗಳಿಗೊಂದು ಶನಿವಾರ ಮಧ್ಯಾಹ್ನ ವಿದೇಶಿ ಚಿತ್ರ ಹಾಕುತ್ತೇವೆ. ಊರಿನಿಂದ ಬಂದ ಅಪ್ಪ ಅಮ್ಮಂದಿರಿಗೆ ಕೆಳಗೆ ಓಡುವ ಇಂಗ್ಲಿಷ್ ಸಾಲು ಓದಲಾಗುವುದಿಲ್ಲ. ಅದನ್ನು ಮೈಕಿನಲ್ಲಿ ಕನ್ನಡಕ್ಕೆ ತಂದು ಹೇಳುವ ಕೆಲಸ ನನ್ನದು.

ಸಾಲಿಲ್ಲದ ಕಡೆ

ಮುತ್ತಿಡುವ ದೃಶ್ಯ ಬಂದರೆ ಓದಲು ಸಾಲೇ ಇರುವುದಿಲ್ಲ. ಹಿರಿಯರ ಮುಂದೆ ಸುಮ್ಮನಿರಲೂ ಆಗದೆ, "ಊಟ ಆಯ್ತಾ? ಮನೇಲಿ ಎಲ್ಲಾ ಕ್ಷೇಮವಾ?" ಎಂದು ಏನಾದರೂ ತುಂಬುತ್ತೇನೆ. ಒಮ್ಮೆ ಧಾರವಾಡದ ತಾಯಿಯೊಬ್ಬರು ಮೆಚ್ಚಿಕೊಂಡರು: "ಬಾಯಿಗೆ ಬಾಯಿ ಹಚ್ಚಿಕೊಂಡೂ ಎಷ್ಟು ಸ್ಪಷ್ಟ ಮಾತಾಡ್ತಾರಪಾ!"

ಮೊದಲನೇ ಡಿಕಾಕ್ಷನ್

ಆ ತಾಯಿಯ ಮಗ ಪಾಲೋ ಆಲ್ಟೋದಲ್ಲಿ ಎಂಜಿನಿಯರು, ಗಿಟಾರ್ ನುಡಿಸುತ್ತಾನೆ. ನನ್ನ ಹೆಂಡತಿಗೆ ಪೋರ್ಚುಗಲ್ಲಿನ ಫಾಡೊ ಎಂಬ ವಿರಹಗೀತೆಯ ಹುಚ್ಚು ಹಿಡಿದ ಮೇಲೆ ಪ್ರತಿ ಭಾನುವಾರ ನಮ್ಮ ಮನೆಯಲ್ಲಿ ಅವಳ ಹಾಡು, ಅವನ ಗಿಟಾರಿನ ಅಭ್ಯಾಸ. ಮೊದಲನೇ ಡಿಕಾಕ್ಷನ್ನಿನ ಗಟ್ಟಿ ಕಾಫಿ ಅವನಿಗೆ. ಪುಡಿಯ ಮೇಲೆ ಮತ್ತೆ ನೀರು ಸುರಿದು ಇಳಿಸಿದ್ದು ನನಗೆ.

"ರೀ, ನಿಮಗೇನೂ ಬೇಜಾರಿಲ್ಲ ತಾನೆ?" ಎಂದಳು ಒಮ್ಮೆ.

"ಛೇ, ನಾನೇನು ಅಂಥವನಾ?" ಎಂದು ಗಟಗಟ ಕುಡಿದೆ. ಬರೀ ಬಿಸಿನೀರಿನಂಥದ್ದನ್ನು ಕುಡಿಯಲು ಎಷ್ಟು ಹೊತ್ತು ಬೇಕು?

ಗಂಡ ಅತ್ತದ್ದು

ಆ ತಿಂಗಳ ಚಿತ್ರ ಹೆಂಡತಿಯ ಆಯ್ಕೆ. ಲಿಸ್ಬನ್ನಿನ ಫಾಡೊ ಗಾಯಕಿ, ಅವಳಿಗೆ ಗಿಟಾರಿನವನೊಬ್ಬ, ಮನೆಯಲ್ಲಿ ಹೊಟ್ಟೆಕಿಚ್ಚಿನ ಗಂಡ. ಗಿಟಾರಿನವ "ಮಳೆ ಬರುವ ಹಾಗಿದೆ" ಎಂದರೆ ನಾನು "ನಿನ್ನ ಗಂಡ ಮನೇಲಿಲ್ಲ ತಾನೆ?" ಎಂದೆ. "ಅಯ್ಯೋ ಲುಚ್ಚಾ!" ಎಂದರು ಧಾರವಾಡದ ತಾಯಿ. ನನಗೆ ಹಾಲು ಕುಡಿದಷ್ಟು ಸಂತೋಷವಾಯಿತು.

ಕೊನೆಗೆ ಗಂಡ ಬಾಗಿಲಲ್ಲಿ ನಿಂತು ಅತ್ತ. ನನಗೂ ತಡೆಯಲಾಗಲಿಲ್ಲ. "ಆರು ತಿಂಗಳಾಯ್ತು ಕಣೇ! ಮೊದಲನೇ ಡಿಕಾಕ್ಷನ್ ಅವನಿಗೆ, ಎರಡನೇದು ನನಗೆ!"

ನಮ್ಮ ಮಗಳು ತಿರುಗಿ ನೋಡಿದಳು. "ಅಪ್ಪಾ, ಇಟ್ ಜಸ್ಟ್ ಸೇಸ್ ಗುಡ್‌ಬೈ."

ಹೆಂಡತಿ ಚಿತ್ರ ನಿಲ್ಲಿಸಿದಳು. ನಾಚಿಕೆಯಿಂದ ನನಗೆ ಮೈಕ್ ಎಲ್ಲಿಡಬೇಕೆಂದೂ ತಿಳಿಯಲಿಲ್ಲ. "ಬೇಜಾರಿದ್ರೆ ಹೇಳಬಾರದಿತ್ತಾ? ಹಾಡೋದೇ ಬಿಟ್ಬಿಡ್ತೀನಿ" ಎಂದಳು. ಅವಳ ಕಣ್ಣು ತುಂಬಿತ್ತು.

"ಕಾಫಿ?" ಎಂದರು ಧಾರವಾಡದ ತಾಯಿ. "ನನ್ನ ಮಗಾ ಚಹಾದಂವ. ಕಾಫಿ ವಾಸನಿನೂ ಆಗೂದಿಲ್ಲ ಅವಗ!"

ತಾಯಿಯ ಪಕ್ಕದಲ್ಲೇ ಕೂತಿದ್ದ ಅವನು ತಲೆ ತಗ್ಗಿಸಿದ. "ಹೌದ್ರಿ ಸರ್. ಅಕ್ಕಾರು ಅಷ್ಟು ಪ್ರೀತಿಲೆ ಕೊಡ್ತಾರ, ಒಲ್ಲೆ ಅನ್ನಲಿಕ್ಕೆ ಸಂಕೋಚ. ಉಸಿರು ಹಿಡಿದು ಕುಡೀತೀನ್ರಿ."

ಆರು ತಿಂಗಳು ಅವನು ಕಷ್ಟಪಟ್ಟು ಕುಡಿದದ್ದನ್ನು ನಾನು ಕಷ್ಟಪಟ್ಟು ನೋಡಿದ್ದೆ. "ಹಾಡು ಬಿಡಬೇಡ ಮಾರಾಯ್ತಿ" ಎಂದು ಎಲ್ಲರೆದುರೇ ಕೈಮುಗಿದೆ.

ಹಾಡು ನಿಲ್ಲಲಿಲ್ಲ. ಈಗ ಭಾನುವಾರ ಅವನಿಗೆ ಚಹಾ. ನನಗೆ ಎರಡನೇ ಡಿಕಾಕ್ಷನ್ನೇ. ಮೊದಲನೆಯದು, ಮಗನ ಜೊತೆ ತಪ್ಪದೆ ಬರುವ ಆ ತಾಯಿಗೆ. "ಚಹಾ ಮನ್ಯಾಗ ಇದ್ದೇ ಇರ್ತದ," ಎನ್ನುತ್ತಾರೆ, "ನನಗ ಆ ಲಿಸ್ಬನ್ ಕಾಫಿ ಕೊಡವಾ."